ಮಕ್ಕಳಿಗೆ ಯಾವ ಸ್ವಾತಂತ್ರ್ಯದ ಕಥೆ ಹೇಳುತ್ತಿದ್ದೇವೆ?

(ಸ್ವಸಹಾಯ ಸಂಘಗಳ ಸದಸ್ಯೆಯರ ಸಭೆಯಲ್ಲಿ ಮಾಡಿದ ಭಾಷಣದ ಬರಹರೂಪ)

ಉಳಿತಾಯ, ಸಾಲ, ಬಡ್ಡಿಯ ಲೆಕ್ಕ ಮುಗಿಸಿ ಈಗ ಪುಸ್ತಕದ ಮಾತು ಕೇಳಲು ಕೂತಿದ್ದೀರಿ. ವರದಕ್ಷಿಣೆ, ಹೊಡೆತ ಬಡಿತಗಳ ಬಗ್ಗೆ ಮಾತಾಡಬೇಕಾದ ಕಡೆ ಈ ಮೇಡಂ ಮಕ್ಕಳ ಪುಸ್ತಕ, ಸ್ವಾತಂತ್ರ್ಯ ಹೋರಾಟ ಅಂತ ಹೊರಟಿದ್ದಾರಲ್ಲ ಎಂದು ಕೆಲವರಿಗೆ ಅನ್ನಿಸಿರಬಹುದು. ಎರಡಕ್ಕೂ ಏನು ಸಂಬಂಧ ಎಂದು ಹೇಳುವುದಕ್ಕೇ ನಾನು ಬಂದಿದ್ದೇನೆ.

ಆಗಸ್ಟ್ 15 ಬಂತೆಂದರೆ ನಿಮ್ಮ ಮನೆಯ ಮಗುವಿಗೂ ಒಂದು ಕೋಲು, ಒಂದು ದುಂಡು ಕನ್ನಡಕ ಹೊಂದಿಸಿ ಕೊಟ್ಟಿರುತ್ತೀರಿ. ಛದ್ಮವೇಷದಲ್ಲಿ ಗಾಂಧಿಯಾಗಿ ನಿಂತು ನಾಲ್ಕು ಮಾತು ಹೇಳಿ, ಚಪ್ಪಾಳೆ ಹೊಡೆಸಿಕೊಂಡು, ಒಂದು ಮಿಠಾಯಿ ತಿಂದು ಆ ಮಗು ಮನೆಗೆ ಬರುತ್ತದೆ. ಅವತ್ತಿನ ಸಂಜೆ ಅದೇ ಮನೆಯಲ್ಲಿ ಅಪ್ಪ ಅಮ್ಮನ ಮೇಲೆ ಕೈ ಎತ್ತಿದರೆ ಆ ಮಗು ಏನು ತಿಳಿದುಕೊಳ್ಳಬೇಕು? ಅಹಿಂಸೆ ಎನ್ನುವುದು ಶಾಲೆಯ ಮೈದಾನದಲ್ಲಿ ಹೇಳುವ ಮಾತು, ಬ್ರಿಟಿಷರ ಮುಂದೆ ಆಡುವ ಮಾತು, ಅಡಿಗೆಮನೆಗೆ ಅದು ಅನ್ವಯಿಸುವುದಿಲ್ಲ ಎಂದು ತಿಳಿಯುತ್ತದೆ. ಯಾರೂ ಬಾಯಿಬಿಟ್ಟು ಹೇಳಿಕೊಡದಿದ್ದರೂ ಮಗು ಕಲಿತುಬಿಡುತ್ತದೆ.

ನಮ್ಮ ಮಕ್ಕಳ ಕೈಗೆ ಸಿಗುವ ಸ್ವಾತಂತ್ರ್ಯದ ಪುಸ್ತಕಗಳು ಬಹುಮಟ್ಟಿಗೆ ಬೀದಿಯ ಪುಸ್ತಕಗಳು. ಮೆರವಣಿಗೆ, ಲಾಠಿ, ಜೈಲು, ಬಾವುಟ ಎಲ್ಲ ಇರುತ್ತವೆ. ಮನೆ ಎಂದರೆ ಅದರಲ್ಲಿ ಹೋರಾಟಗಾರ ಬಿಟ್ಟುಹೋಗುವ ಜಾಗ. ಹಣೆಗೆ ತಿಲಕವಿಟ್ಟು ಕಳಿಸಿಕೊಡುವುದಕ್ಕೆ ಒಬ್ಬ ತಾಯಿ, ಕಣ್ಣೀರು ಒರೆಸಿಕೊಳ್ಳುವುದಕ್ಕೆ ಒಬ್ಬ ಹೆಂಡತಿ ಇದ್ದರೆ ಸಾಕು. ಆ ಮನೆಯೊಳಗೆ ಯಾರು ಯಾರ ಅಡಿಯಾಳಾಗಿದ್ದರು ಎನ್ನುವ ಪ್ರಶ್ನೆಯನ್ನು ಕೇಳುವವರು ಕಡಿಮೆ. ಆದರೆ ಆ ಪ್ರಶ್ನೆಯನ್ನು ತಾನೇ ಎತ್ತಿ, ತಾನೇ ತಪ್ಪಿತಸ್ಥ ಎಂದು ಬರೆದುಕೊಂಡ ಒಂದು ಪುಸ್ತಕವಿದೆ. ಅದು ಗಾಂಧೀಜಿಯ ಆತ್ಮಕಥೆ. 1925ರಿಂದ ಗುಜರಾತಿಯಲ್ಲಿ ವಾರವಾರ ಬರೆದದ್ದು. ಕನ್ನಡಕ್ಕೆ ಗೊರೂರು ರಾಮಸ್ವಾಮಿ ಅಯ್ಯಂಗಾರರು ತಂದಿದ್ದಾರೆ. ಎಲ್ಲರೂ ಹೆಸರು ಕೇಳಿರುವ, ಕೆಲವೇ ಮಂದಿ ಪೂರ್ತಿ ಓದಿರುವ ಪುಸ್ತಕ.

ಅದರಲ್ಲಿ ಹುಡುಗ ಮೋಹನದಾಸನ ಒಂದು ಕಥೆ ಬರುತ್ತದೆ. ಅಣ್ಣನಿಗೆ ಸುಮಾರು 25 ರೂಪಾಯಿ ಸಾಲವಾಗಿತ್ತು. ಅಣ್ಣನ ತೋಳಿನ ಚಿನ್ನದ ಕಡಗದಿಂದ ಒಂದು ಚೂರು ಕತ್ತರಿಸಿ ಮಾರಿ ಸಾಲ ತೀರಿಸಿದರು. ಹದಿನೈದು ವರ್ಷದ ಹುಡುಗನಿಗೆ ಆಮೇಲೆ ತಡೆಯಲಾಗಲಿಲ್ಲ. ತಪ್ಪನ್ನೆಲ್ಲ ಚೀಟಿಯಲ್ಲಿ ಬರೆದು, ಕಾಯಿಲೆಯಿಂದ ಹಲಗೆಯ ಮೇಲೆ ಮಲಗಿದ್ದ ಅಪ್ಪನ ಕೈಗೆ ಕೊಟ್ಟು ಎದುರಿಗೆ ಕೂತ. ಅಪ್ಪ ಬೈಯಬಹುದು, ಹಣೆ ಚಚ್ಚಿಕೊಳ್ಳಬಹುದು ಎಂದು ಹೆದರಿದ್ದ. ಅಪ್ಪ ಎದ್ದು ಕೂತು ಓದಿದರು. ಕಣ್ಣಿನಿಂದ ನೀರು ಸುರಿದು ಚೀಟಿ ಒದ್ದೆಯಾಯಿತು. ಒಂದು ಕ್ಷಣ ಕಣ್ಣು ಮುಚ್ಚಿದ್ದು, ಆ ಚೀಟಿ ಹರಿದು ಹಾಕಿ, ಮತ್ತೆ ಮಲಗಿಕೊಂಡರು. ಅಷ್ಟೇ. ಇದು ತನಗೆ ಅಹಿಂಸೆಯ ಪಾಠವಾಯಿತು ಎಂದು ಗಾಂಧಿ ಮುಂದೆ ಬರೆಯುತ್ತಾರೆ. ಹೊಡೆಯುವ ಅಧಿಕಾರವೂ ಕಾರಣವೂ ಇದ್ದ ಒಬ್ಬ ಗಂಡಸು ಮನೆಯೊಳಗೆ ಹೊಡೆಯದೆ ಉಳಿದದ್ದನ್ನು ಆ ಹುಡುಗ ಕಣ್ಣಾರೆ ಕಂಡ.

ಹೀಗೆ ಮಗನಾಗಿ ಕಲಿತದ್ದು ಗಂಡನಾದಾಗ ನೆನಪಿಗೆ ಬಂತೇ? ಇಲ್ಲ.

ಮದುವೆಯಾದಾಗ ಅವನಿಗೂ 13, ಕಸ್ತೂರಬಾಗೂ 13. ಆಗ ಕಾಸಿಗೆ ಒಂದರಂತೆ ಸಿಗುತ್ತಿದ್ದ ಸಣ್ಣ ಪುಸ್ತಕಗಳಲ್ಲಿ ಗಂಡಹೆಂಡಿರ ಧರ್ಮದ ಬಗ್ಗೆ ಓದಿದ. ಹೆಂಡತಿಗೆ ನಿಷ್ಠನಾಗಿರಬೇಕು ಎನ್ನುವುದು ಅವನ ಮನಸ್ಸಿಗೆ ನಾಟಿತು. ಅದು ಒಳ್ಳೆಯದೇ. ಆದರೆ ನಾನು ನಿಷ್ಠನಾಗಿರಬೇಕಾದರೆ ಅವಳಿಂದಲೂ ನಿಷ್ಠೆಯನ್ನು ವಸೂಲು ಮಾಡಬೇಕು ಎಂದು ಅವನ ತಲೆ ಓಡಿತು! ನನ್ನ ಅಪ್ಪಣೆ ಇಲ್ಲದೆ ಎಲ್ಲಿಗೂ ಹೋಗಬಾರದು ಎಂದ. ಆ ಹುಡುಗಿ ಕೇಳಲಿಲ್ಲ. ತನಗೆ ಬೇಕಾದಾಗ, ಬೇಕಾದ ಕಡೆ ಹೋಗಿಬಂದಳು. ದೇವಸ್ಥಾನಕ್ಕೋ ಗೆಳತಿಯರ ಮನೆಗೋ ಹೋಗುವುದಕ್ಕೆ ಏನಡ್ಡಿ? ಮಾತು ಬಿಟ್ಟು ಕೂರುವುದು ಇಬ್ಬರಿಗೂ ಅಭ್ಯಾಸವಾಯಿತಂತೆ. ಒಂದು ಕಾಸಿನ ಪುಸ್ತಕ ಒಬ್ಬ ಹುಡುಗನನ್ನು ಎಂಥ ಗಂಡನನ್ನಾಗಿ ಮಾಡಬಲ್ಲದು ನೋಡಿ. ಇವತ್ತು ಅದೇ ಕೆಲಸವನ್ನು ಟಿವಿ ಧಾರಾವಾಹಿ ಮಾಡುತ್ತಿದೆ, ಮೊಬೈಲ್ ಮಾಡುತ್ತಿದೆ.

ಇನ್ನು ಗೇಟಿನ ಪುಟಕ್ಕೆ ಬರುತ್ತೇನೆ. ನಾನು ಕಂಡ ಹಲವು ಮಕ್ಕಳ ಪುಸ್ತಕಗಳು ಹಾರಿಸಿಬಿಡುವ ಪುಟ ಇದು.

1898, ದಕ್ಷಿಣ ಆಫ್ರಿಕದ ಡರ್ಬನ್. ಗಾಂಧಿ ಆಗ ಹೆಸರು ಮಾಡಿದ ವಕೀಲ. ಅವರ ಗುಮಾಸ್ತರು ಮನೆಯಲ್ಲೇ ಇರುತ್ತಿದ್ದರು. ಕೋಣೆಗಳಿಗೆ ಬಚ್ಚಲ ಮೋರಿ ಇರಲಿಲ್ಲ, ಮೂತ್ರದ ಪಾತ್ರೆ ಇಡುತ್ತಿದ್ದರು. ಅದನ್ನು ಆಳುಗಳು ತೆಗೆಯಬಾರದು, ತಾನು ಇಲ್ಲವೇ ಹೆಂಡತಿ ತೆಗೆಯಬೇಕು ಎಂಬುದು ಗಾಂಧಿಯ ನಿಯಮ. ಅಸ್ಪೃಶ್ಯರೆಂದು ಕರೆಯುತ್ತಿದ್ದ ಜಾತಿಯ ತಂದೆತಾಯಿಗೆ ಹುಟ್ಟಿದ, ಕ್ರೈಸ್ತನಾದ ಒಬ್ಬ ಗುಮಾಸ್ತ ಹೊಸದಾಗಿ ಬಂದ. ಅವನ ಪಾತ್ರೆ ಎತ್ತುವುದಕ್ಕೆ ಕಸ್ತೂರಬಾಗೆ ಮನಸ್ಸು ಒಪ್ಪಲಿಲ್ಲ. ಗಂಡ ಎತ್ತುವುದನ್ನೂ ನೋಡಲಾಗಲಿಲ್ಲ. ಅಳುತ್ತಾ, ಪಾತ್ರೆ ಹಿಡಿದು ಮೆಟ್ಟಿಲಿಳಿದರು. ಗಂಡನಿಗೆ ಅಷ್ಟೇ ಸಾಲದು. ನಗುನಗುತ್ತಾ ಮಾಡಬೇಕಿತ್ತು. ನನ್ನ ಮನೆಯಲ್ಲಿ ಇಂಥದ್ದು ನಡೆಯುವುದಿಲ್ಲ ಎಂದು ಕೂಗಿದರು. ನಿಮ್ಮ ಮನೆ ನೀವೇ ಇಟ್ಟುಕೊಳ್ಳಿ, ನಾನು ಹೋಗುತ್ತೇನೆ ಎಂದು ಅವರೂ ಕೂಗಿದರು. ಗಾಂಧಿ ಕೈಹಿಡಿದು ದರದರ ಎಳೆದುಕೊಂಡು ಹೋಗಿ, ಹೊರಗೆ ದಬ್ಬುವುದಕ್ಕೆಂದು ಗೇಟು ತೆರೆದರು. ಕಸ್ತೂರಬಾ ಅಳುತ್ತಲೇ ಕೇಳಿದರು: ನಿಮಗೆ ನಾಚಿಕೆ ಇಲ್ಲವೇ, ನಾನೆಲ್ಲಿಗೆ ಹೋಗಲಿ, ಇಲ್ಲಿ ನನಗೆ ತಂದೆತಾಯಿಯೇ ನೆಂಟರೇ, ಹೆಂಡತಿಯಾದ ಮಾತ್ರಕ್ಕೆ ನಿಮ್ಮ ಒದೆ ತಿನ್ನಬೇಕೇ ಎಂದು. ಗೇಟು ಮುಚ್ಚಿ, ಯಾರಾದರೂ ನೋಡಿಯಾರು ಎಂದರು. ಗಾಂಧಿ ನಾಚಿ ಗೇಟು ಮುಚ್ಚಿದರು.

ಗೆಳತಿಯರೇ, ಇಲ್ಲಿ ಸ್ವಲ್ಪ ನಿಂತು ಯೋಚಿಸೋಣ. ಜಾತಿಯ ವಿಚಾರದಲ್ಲಿ ಗಾಂಧಿ ಹೇಳಿದ್ದು ಸರಿ, ಕಸ್ತೂರಬಾ ಹಿಂಜರಿದದ್ದು ಸರಿಯಲ್ಲ. ಅದಕ್ಕೇ ಈ ಪುಟ ನಮಗೆ ಬೇಕು. ಕೈ ಎತ್ತುವ ಗಂಡಸಿನ ಹತ್ತಿರ ಯಾವಾಗಲೂ ಒಂದು ಕಾರಣ ಇದ್ದೇ ಇರುತ್ತದೆ. ಸಾರಿಗೆ ಉಪ್ಪು ಜಾಸ್ತಿ, ತವರಿಂದ ಹಣ ತರಲಿಲ್ಲ, ಎದುರು ಮಾತಾಡಿದಳು. ನಾವೂ ಪಂಚಾಯಿತಿ ಕೂತಾಗ ಮೊದಲು ಕೇಳುವುದು, ನೀನೇನು ಮಾಡಿದೆ ಎಂದೇ. ಇಲ್ಲಿ ಗಂಡನ ಕಾರಣ ಅಸ್ಪೃಶ್ಯತೆಯ ನಿವಾರಣೆ. ಅದಕ್ಕಿಂತ ದೊಡ್ಡ ಕಾರಣ ಬೇಕೇ? ಆದರೂ ಎಳೆದದ್ದು ತಪ್ಪು ಎಂದು, ಇಪ್ಪತ್ತೈದು ವರ್ಷಕ್ಕೂ ಮೇಲೆ ದೇಶವೆಲ್ಲ ಮಹಾತ್ಮ ಎನ್ನುತ್ತಿದ್ದಾಗ, ಆ ಮನುಷ್ಯನೇ ಬರೆಯುತ್ತಾನೆ. ಆಗ ತಾನು ಹೆಂಡತಿಯನ್ನು ಸಂಗಾತಿಯೆಂದು ತಿಳಿದಿರಲಿಲ್ಲ, ತನ್ನ ಅಪ್ಪಣೆ ನಡೆಸಲು ಹುಟ್ಟಿದವಳೆಂದು ತಿಳಿದಿದ್ದೆ ಎಂಬ ಅರ್ಥದಲ್ಲಿ.

ನಾನು ಈ ಪುಟವನ್ನು ಒಂದು ಸಲ ಪಿಯುಸಿ ತರಗತಿಯಲ್ಲಿ ಓದಿದೆ. ಪಾಠಪಟ್ಟಿಯಲ್ಲಿ ಇರಲಿಲ್ಲ, ಸುಮ್ಮನೆ ಓದಿದೆ. ಗಂಟೆ ಹೊಡೆದ ಮೇಲೂ ಒಬ್ಬ ಹುಡುಗಿ ಬೆಂಚು ಬಿಟ್ಟು ಏಳಲಿಲ್ಲ. ಏನಮ್ಮ ಎಂದೆ. "ನಮ್ಮಮ್ಮನೂ ಹಾಗೇ ಕೇಳ್ತಾಳೆ ಮೇಡಂ, ಎಲ್ಲಿಗೆ ಹೋಗಲಿ ಅಂತ. ನಮ್ಮಪ್ಪ ಗೇಟು ಮುಚ್ಚಲ್ಲ" ಎಂದಳು. ಅಲ್ಲಿವರೆಗೆ ಅವಳು ಮನೆಯ ವಿಷಯ ಯಾರ ಹತ್ತಿರವೂ ಆಡಿದವಳಲ್ಲ. ಪುಸ್ತಕದ ನೆಪ ಸಿಕ್ಕಿದ್ದಕ್ಕೆ ಆಡಿದಳು. ಮಕ್ಕಳಿಗೆ ಅಪ್ಪನ ಬಗ್ಗೆ ದೂರು ಹೇಳುವುದು ಕಷ್ಟ. ಗಾಂಧಿಯ ಬಗ್ಗೆ ಮಾತಾಡುವುದು ಸುಲಭ.

ಆ ತಾಯಿಗೆ ಹೇಳಲು ಅವತ್ತು ನನ್ನ ಹತ್ತಿರ ಹೆಚ್ಚು ಉತ್ತರ ಇರಲಿಲ್ಲ. ಇವತ್ತು ಇದೆ. 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯಿದೆ 2006ರ ಅಕ್ಟೋಬರ್ 26ರಿಂದ ಜಾರಿಯಲ್ಲಿದೆ. ಅದರ 17ನೆಯ ಕಲಮಿನ ಪ್ರಕಾರ, ಮನೆ ಯಾರ ಹೆಸರಿನಲ್ಲೇ ಇರಲಿ, ಗಂಡನ ಜೊತೆ ಬಾಳಿದ ಮನೆಯಲ್ಲಿ ವಾಸಿಸುವ ಹಕ್ಕು ಹೆಂಡತಿಗೆ ಇದೆ. ಕಾನೂನಿನ ದಾರಿ ಬಿಟ್ಟು ಅವಳನ್ನು ಹೊರಗೆ ದಬ್ಬುವಂತಿಲ್ಲ. ನನ್ನ ಮನೆ, ನನ್ನ ಮನೆ ಎಂದು ಡರ್ಬನ್‌ನಲ್ಲಿ ಕೂಗಿದ ಮಾತಿಗೆ ನಮ್ಮ ಸಂಸತ್ತು ಉತ್ತರ ಕೊಡುವುದಕ್ಕೆ ನೂರೇಳು ವರ್ಷ ಹಿಡಿಯಿತು.

ಒಡವೆಯ ಪ್ರಸಂಗವೂ ಇದೆ. ಇದು ನಿಮಗೆ ಇನ್ನೂ ಚೆನ್ನಾಗಿ ಅರ್ಥವಾಗುತ್ತದೆ. 1901ರಲ್ಲಿ ಗಾಂಧಿ ಕುಟುಂಬ ಊರಿಗೆ ಹೊರಟಾಗ ಅಲ್ಲಿನ ಭಾರತೀಯರು ಚಿನ್ನ, ಬೆಳ್ಳಿ, ವಜ್ರದ ಕಾಣಿಕೆ ಕೊಟ್ಟರು. ಅದರಲ್ಲಿ 50 ಗಿನಿ ಬೆಲೆಯ ಒಂದು ಚಿನ್ನದ ಸರ ಕಸ್ತೂರಬಾಗೆಂದೇ ಕೊಟ್ಟದ್ದು. ಸಾರ್ವಜನಿಕ ಸೇವೆಗೆ ಕಾಣಿಕೆ ಪಡೆಯಬಾರದೆಂದು ಗಾಂಧಿಗೆ ರಾತ್ರಿಯೆಲ್ಲ ನಿದ್ದೆ ಬರಲಿಲ್ಲ. ಎಲ್ಲವನ್ನೂ ಸಮುದಾಯದ ನಿಧಿಗೆ ಬರೆದುಕೊಡುವುದೆಂದು ತೀರ್ಮಾನಿಸಿ, ಮೊದಲು ಯಾರನ್ನು ಒಪ್ಪಿಸಿದರು ಗೊತ್ತೇ? ಮಕ್ಕಳನ್ನು. ಮಕ್ಕಳನ್ನು ಮುಂದೆ ಬಿಟ್ಟುಕೊಂಡು ಹೆಂಡತಿಯ ಹತ್ತಿರ ಹೋದರು. ಆಕೆ ಸುಮ್ಮನೆ ಒಪ್ಪಲಿಲ್ಲ. ನಾಳೆ ಸೊಸೆಯಂದಿರು ಬಂದರೆ ಅವರಿಗೆ ಬೇಡವೇ, ಈಗಿನಿಂದಲೇ ನನ್ನ ಮಕ್ಕಳನ್ನು ಸಾಧುಗಳನ್ನಾಗಿ ಮಾಡುತ್ತಿದ್ದೀರಾ, ನನ್ನ ಸರದ ಮೇಲೆ ನಿಮಗೇನು ಹಕ್ಕು ಎಂದರು. ಅದು ಕೊಟ್ಟದ್ದು ನಿನ್ನ ಸೇವೆಗೋ ನನ್ನ ಸೇವೆಗೋ ಎಂದು ಗಂಡ ಕೇಳಿದಾಗ ಆಕೆ ಕೊಟ್ಟ ಉತ್ತರದ ಸಾರ ಇಷ್ಟು: ನೀವು ಮಾಡಿದ ಸೇವೆ ನಾನು ಮಾಡಿದಂತೆಯೇ, ಹಗಲು ರಾತ್ರಿ ನಿಮಗಾಗಿ ದುಡಿದದ್ದು ಸೇವೆಯಲ್ಲವೇ, ಕಂಡಕಂಡವರನ್ನು ಮನೆಗೆ ತುಂಬಿದಿರಿ, ಅವರಿಗೆಲ್ಲ ಚಾಕರಿ ಮಾಡಿದವಳು ನಾನಲ್ಲವೇ.

ಮನೆಗೆಲಸಕ್ಕೆ ಬೆಲೆ ಕಟ್ಟಬೇಕೆಂದು ನಾವು ಸಭೆ, ಜಾಥಾ ಮಾಡುವುದಕ್ಕೆ ಎಷ್ಟೋ ಮೊದಲೇ, ಹೆಚ್ಚು ಓದುಬರಹ ಬಾರದ ಒಬ್ಬ ಹೆಣ್ಣುಮಗಳು ಈ ಮಾತು ಆಡಿದ್ದಾಳೆ. ಗಾಂಧಿಗೆ ಆ ಬಾಣ ತಾಗಿತು, ಹಾಗೆಂದು ಬರೆಯುತ್ತಾರೆ. ಆದರೆ ತೀರ್ಮಾನ ಬದಲಾಗಲಿಲ್ಲ. ಒಡವೆಯೆಲ್ಲ ಬ್ಯಾಂಕಿಗೆ ಹೋಯಿತು. ಮುಂದೆ ಕಸ್ತೂರಬಾಗೂ ಅದು ಸರಿಯೆನ್ನಿಸಿತು ಎನ್ನುತ್ತಾರೆ. ಅದು ಅವರು ಹೇಳುವ ಮಾತು. ಆಕೆ ಆತ್ಮಕಥೆ ಬರೆಯಲಿಲ್ಲ. ನಮ್ಮ ಕಾಲದಲ್ಲಿ ಬರಗೂರು ರಾಮಚಂದ್ರಪ್ಪನವರು ಆಕೆಯ ಪ್ರಶ್ನೆಗಳನ್ನು ಕೇಂದ್ರದಲ್ಲಿಟ್ಟು ಕನ್ನಡದಲ್ಲಿ ಕಾದಂಬರಿಯನ್ನೇ ಬರೆದಿದ್ದಾರೆ. ನನಗಂತೂ ಈ ಪ್ರಸಂಗದಲ್ಲಿ ಸೋತವರ ವಾದವೇ ಗಟ್ಟಿಯೆನ್ನಿಸುತ್ತದೆ. ಮದುವೆಯಲ್ಲಿ ಕೊಟ್ಟ ಚಿನ್ನ ಯಾರದು ಎಂದು ಇವತ್ತಿಗೂ ಸೊಸೆ ಕೇಳಿದರೆ ಮನೆಯಲ್ಲಿ ರಂಪವಾಗುತ್ತದೆ. ಹೆಣ್ಣಿಗೆ ಕೊಟ್ಟ ಸ್ತ್ರೀಧನ ಹೆಣ್ಣಿನದೇ ಎಂಬುದನ್ನು ನೆನಪಿಡಿ.

ಹಾಗಾದರೆ ಕಸ್ತೂರಬಾ ಬರೀ ಅಳುತ್ತಿದ್ದರೇ? 1913ರ ಮಾರ್ಚಿಯಲ್ಲಿ ಕೇಪ್ ಪ್ರಾಂತ್ಯದ ನ್ಯಾಯಾಧೀಶ ಸರ್ಲ್, ಕ್ರೈಸ್ತ ವಿಧಿಯಂತೆ ಆಗದ ಮದುವೆಗಳಿಗೆ ಕಾನೂನಿನ ಮಾನ್ಯತೆ ಇಲ್ಲವೆಂದು ತೀರ್ಪು ಕೊಟ್ಟ. ಒಂದೇ ಏಟಿಗೆ ಹಿಂದೂ, ಮುಸಲ್ಮಾನ, ಪಾರ್ಸಿ ಹೆಂಡತಿಯರೆಲ್ಲ ಹೆಂಡತಿಯರಲ್ಲದಾದರು, ಮಕ್ಕಳಿಗೆ ಆಸ್ತಿಯ ಹಕ್ಕು ತಪ್ಪಿತು. ಆಗ ಹೋರಾಟ ಅಡಿಗೆಮನೆಗೇ ಬಂತು. ಗಾಂಧಿ ಬೇರೆ ಹೆಂಗಸರನ್ನು ಜೈಲಿಗೆ ಬರುತ್ತೀರಾ ಎಂದು ಕೇಳಿದ್ದರೇ ಹೊರತು ಹೆಂಡತಿಯನ್ನು ಕೇಳಿರಲಿಲ್ಲ. ಅದು ಕಿವಿಗೆ ಬಿದ್ದು, ನನ್ನಲ್ಲಿ ಏನು ಊನವಿದೆ ಎಂದು ಕಸ್ತೂರಬಾ ತಾವೇ ಮುಂದೆ ಬಂದರು. ಮೂರು ತಿಂಗಳ ಕಠಿಣ ಸಜೆ ಅನುಭವಿಸಿದರು. ಅದೇ ಹೋರಾಟದಲ್ಲಿ ವಳ್ಳಿಯಮ್ಮ ಎಂಬ ಹದಿನಾರರ ಹರೆಯದ ತಮಿಳು ಹುಡುಗಿ ಜೈಲಿಗೆ ಹೋಗಿ, ಜ್ವರ ಹತ್ತಿಸಿಕೊಂಡು ಹೊರಬಂದು, 1914ರ ಫೆಬ್ರವರಿ 22ರಂದು ಸತ್ತಳು. ಸರಿಯಾಗಿ ಮೂವತ್ತು ವರ್ಷಕ್ಕೆ, 1944ರ ಫೆಬ್ರವರಿ 22ರಂದು, ಕಸ್ತೂರಬಾ ಪುಣೆಯ ಆಗಾಖಾನ್ ಅರಮನೆಯಲ್ಲಿ ಬಂಧಿಯಾಗಿಯೇ ತೀರಿಕೊಂಡರು. ನಮ್ಮ ಹುಡುಗಿಯರ ಛದ್ಮವೇಷಕ್ಕೆ ವಳ್ಳಿಯಮ್ಮನೂ ಆಗಬಹುದಲ್ಲ?

ಕಥೆ ಕಾದಂಬರಿಗಳಲ್ಲೂ ಇದನ್ನೇ ಹುಡುಕಿ. ಆರ್.ಕೆ. ನಾರಾಯಣರ ಸ್ವಾಮಿಯನ್ನು ಶಂಕರನಾಗ್ ಟಿವಿಗೆ ತಂದದ್ದನ್ನು ನಿಮ್ಮಲ್ಲಿ ಹಲವರು ನೋಡಿದ್ದೀರಿ. ವಿದೇಶಿಯೆಂದು ಟೋಪಿಯನ್ನು ಬೆಂಕಿಗೆಸೆದ ಆ ಹುಡುಗನಿಗೆ ಸರ್ಕಾರಕ್ಕಿಂತ ಹೆಚ್ಚು ಭಯ ಮನೆಯಲ್ಲಿದ್ದ ಅಪ್ಪನದು. ನಿರಂಜನರ 'ಚಿರಸ್ಮರಣೆ' ಕಯ್ಯೂರಿನ ರೈತ ಹುಡುಗರ ಕಥೆ. ಅಲ್ಲಿ ನಾಲ್ವರನ್ನು 1943ರ ಮಾರ್ಚ್ 29ರಂದು ಗಲ್ಲಿಗೇರಿಸಿದ್ದು ನಿಜ ಸಂಗತಿ. ರಾಜಾರಾಯರ 'ಕಾಂತಾಪುರ' (1938) ಇಂಗ್ಲಿಷಿನಲ್ಲಿದ್ದರೂ ನಮ್ಮ ಮಲೆನಾಡಿನ ಹಳ್ಳಿಯ ಮುದುಕಿಯೊಬ್ಬಳು ಹೇಳುವ ಕಥೆ. ಅಲ್ಲಿ ಹೆಂಗಸರು ಸೇವಿಕಾ ಸಂಘ ಕಟ್ಟುತ್ತಾರೆ. ಹೊತ್ತಿಗೆ ಸರಿಯಾಗಿ ಊಟವಿಲ್ಲ ಎಂದು ಗಂಡಂದಿರು ಗೊಣಗುತ್ತಾರೆ. ಮೊದಲು ಗಂಡಂದಿರನ್ನು ನೋಡಿಕೊಳ್ಳಿ ಎಂದು ಸಂಘದ ನಾಯಕಿ ರಂಗಮ್ಮನೇ ಬುದ್ಧಿ ಹೇಳುತ್ತಾಳೆ! ನಗಬೇಡಿ. ಸಂಘದ ಮೀಟಿಂಗಿಗೆ ಬರುವ ಮುಂಚೆ ಇವತ್ತು ಎಷ್ಟು ಜನ ಸಂಜೆಯ ಅಡಿಗೆ ಮಾಡಿಟ್ಟು ಬಂದಿದ್ದೀರಿ, ಕೈ ಎತ್ತಿ ನೋಡೋಣ.

ಇಷ್ಟೂ ಕೈಗಳೇ! ಸರಿ.

ಈಗ ಕೆಲಸದ ಮಾತು. ನಿಮ್ಮ ಗ್ರಾಮ ಪಂಚಾಯಿತಿಯ ಗ್ರಂಥಾಲಯಕ್ಕೆ ಈಗ ಅರಿವು ಕೇಂದ್ರ ಎಂಬ ಹೆಸರಿದೆ. 2020ರ ನವೆಂಬರಿನಲ್ಲಿ ಶುರುವಾದ 'ಓದುವ ಬೆಳಕು' ಕಾರ್ಯಕ್ರಮದಲ್ಲಿ 6ರಿಂದ 18 ವರ್ಷದ ಮಕ್ಕಳಿಗೆ ಅಲ್ಲಿ ಉಚಿತ ಸದಸ್ಯತ್ವ ಕೊಟ್ಟರು. ಮಕ್ಕಳ ಹೆಸರು ಬರೆಸಿ. ಬೊಳುವಾರು ಮಹಮದ್ ಕುಂಞಿಯವರು ಬಾಲಕ ಗಾಂಧಿಯ ಬಗ್ಗೆ ಮಕ್ಕಳಿಗಾಗಿಯೇ ಬರೆದ 'ಪಾಪು ಗಾಂಧಿ ಗಾಂಧಿ ಬಾಪು ಆದ ಕಥೆ' ಕೇಳಿ, ಅದಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿಯ ಬಾಲ ಪುರಸ್ಕಾರ ಬಂದಿದೆ. ಜೊತೆಗೆ ಸಂಘದ ಹೆಸರಿನಲ್ಲಿ ಗಾಂಧೀಜಿಯ ಆತ್ಮಕಥೆಯನ್ನೂ ತನ್ನಿ. ಓದು ಬಾರದವರಿದ್ದರೆ ಎಂಟನೆಯ, ಒಂಬತ್ತನೆಯ ತರಗತಿಯ ಮಕ್ಕಳಿಂದ ಗಟ್ಟಿಯಾಗಿ ಓದಿಸಿ. ಗಂಡುಮಕ್ಕಳನ್ನೂ ಕೂರಿಸಿ, ಅವರಿಂದಲೇ ಓದಿಸಿದರೆ ಇನ್ನೂ ಒಳ್ಳೆಯದು. ಕಡಗದ ಕಥೆ ಮೊದಲ ಭಾಗದ ಎಂಟನೆಯ ಅಧ್ಯಾಯದಲ್ಲಿದೆ. ಒಡವೆಯದು ಮೂರನೆಯ ಭಾಗದ ಹನ್ನೆರಡನೆಯದರಲ್ಲಿ. ಗೇಟಿನದು ನಾಲ್ಕನೆಯ ಭಾಗದ ಹತ್ತನೆಯದು. ಮೂರೂ ಸಣ್ಣ ಅಧ್ಯಾಯಗಳು, ಒಂದೊಂದು ಓದುವುದಕ್ಕೆ ಹತ್ತು ನಿಮಿಷ ಸಾಕು. ಒಂದು ವಾರಕ್ಕೆ ಒಂದು ಓದಿ, ಓದಿದ ಮೇಲೆ ಮಕ್ಕಳು ಏನು ಕೇಳಿದರು ಎಂಬುದನ್ನು ಸಂಘದ ನಡಾವಳಿ ಪುಸ್ತಕದಲ್ಲಿ ಬರೆದಿಡಿ. ಮುಂದಿನ ಸಲ ಬಂದಾಗ ನಾನು ಅದನ್ನೇ ಓದುತ್ತೇನೆ.