ಶಾಲಾ ಗುರುಗಳಿಗೆ ವ್ಯಾಸಂಗದ ಬಿಡುವು



ಶ್ರೀಮಠದ ಮಹೋತ್ಸವದಲ್ಲಿ ಸರಕಾರೀ ಶಾಲೆಯ ಉಪಾಧ್ಯಾಯರ ರಜೆಯ ಮಾತೇಕೆಂದು ಕೆಲವರು ಕೇಳಬಹುದು. ಮಠವು ಅನ್ನ, ಅರಿವುಗಳೆರಡರ ದಾಸೋಹಕ್ಕೆಂದೇ ಇರುವದು. ಇಂದು ನಮ್ಮ ಹಳ್ಳಿಗಳಲ್ಲಿ ಅರಿವಿನ ದಾಸೋಹವನ್ನು ಬಹುಮಟ್ಟಿಗೆ ನಡೆಯಿಸುತ್ತಿರುವವರು ಸರಕಾರೀ ಶಾಲೆಯ ಗುರುಗಳು. ಉಣಬಡಿಸುವವನ ಪಾತ್ರೆಯೇ ಬರಿದಾದರೆ ಪಂಕ್ತಿಯಲ್ಲಿ ಕುಳಿತವರ ಗತಿಯೇನು?

ನಮ್ಮ ಸೀಮೆಯ ಪೂರ್ವಸ್ಥಿತಿಯನ್ನು ಹಿರಿಯರು ಬಲ್ಲರು. 1948ರ ವರೆಗೆ ಇದು ನಿಜಾಮರ ರಾಜ್ಯದಲ್ಲಿದ್ದಿತು. ರಾಜಭಾಷೆ ಉರ್ದುವಾಗಿದ್ದುದರಿಂದ ಕನ್ನಡದ ಓದು ಮಠಗಳ ಹಾಗೂ ಖಾಸಗೀ ಪಾಠಶಾಲೆಗಳ ಆಸರೆಯಲ್ಲಿ ಉಳಿಯಬೇಕಾಯಿತು. ಕಲಬುರ್ಗಿಯಲ್ಲಿ ಪೂಜ್ಯ ದೊಡ್ಡಪ್ಪ ಅಪ್ಪನವರು 1934ರಲ್ಲಿ ಶರಣಬಸವೇಶ್ವರ ವಿದ್ಯಾವರ್ಧಕ ಸಂಘವನ್ನು ಸ್ಥಾಪಿಸಿದುದು ಆ ಕತ್ತಲೆಯಲ್ಲಿ ಹಚ್ಚಿದ ಹಣತೆ. ಆದರೂ 2011ರ ಜನಗಣತಿಯಲ್ಲಿ ಯಾದಗಿರಿ ಜಿಲ್ಲೆಯ ಅಕ್ಷರಸ್ಥರು ನೂರಕ್ಕೆ 52ರ ಸಮೀಪ ಮಾತ್ರ. ರಾಜ್ಯದಲ್ಲಿಯೇ ಕಟ್ಟಕಡೆಯ ಸ್ಥಾನ. ಹೆಣ್ಣುಮಕ್ಕಳಲ್ಲಿ ಆ ಪ್ರಮಾಣವು ಇನ್ನೂ ಕಡಿಮೆ. ಇಂಥ ನೆಲದಲ್ಲಿ ಗುರುವಿನ ಓದು ನಿಂತಿತೆಂದರೆ ಮಕ್ಕಳ ಓದು ಮೊದಲಾಗುವದೇ ಇಲ್ಲ.

ಸುರಪುರ ಸೀಮೆಯ ಮುದನೂರು ದೇವರ ದಾಸಿಮಯ್ಯನವರ ಊರು. ಅವರ ಕಾಯಕ ನೇಯಿಗೆ. ನೇಕಾರನು ಹೊಸ ಹಾಸು ಹೂಡುವ ದಿನ ಒಂದು ಗೇಣು ಬಟ್ಟೆಯೂ ಹುಟ್ಟುವದಿಲ್ಲ. ಆದರೂ ಆ ದಿನವನ್ನು ಯಾರೂ ಸೋಮಾರಿತನವೆನ್ನರು. ಹಾಸಿಲ್ಲದೆ ಹೊಕ್ಕಿಗೆ ಆಧಾರವಿಲ್ಲ. ಉಪಾಧ್ಯಾಯನ ವ್ಯಾಸಂಗದ ಬಿಡುವು ಈ ಹಾಸು ಹೂಡುವ ದಿನದಂತೆ. ಅದೂ ಕಾಯಕದ ಒಳಗಿನದೇ, ಹೊರಗಿನದಲ್ಲ.

ಇನ್ನು ನಿಯಮಗಳ ವಿಚಾರ. ನಮ್ಮ ರಾಜ್ಯದ ನಾಗರಿಕ ಸೇವಾ ನಿಯಮಗಳು 1958ರ ಮಾರ್ಚ್ 1ರಿಂದ ಜಾರಿಗೆ ಬಂದವು. ಬೇಸಿಗೆಯ ಸೂಟಿ ಉಂಟೆಂಬ ಕಾರಣದಿಂದ ಇತರ ನೌಕರರಿಗೆ ವರ್ಷಕ್ಕೆ 30 ದಿನಗಳ ಗಳಿಕೆ ರಜೆ ಇರುವಲ್ಲಿ ಉಪಾಧ್ಯಾಯರಿಗೆ 10 ದಿನಗಳು. ಆ ಸೂಟಿಯೂ ಸಂಪೂರ್ಣವಾಗಿ ಅವರ ಕೈಗೆ ದೊರೆಯದು. 2009ರ ಶಿಕ್ಷಣ ಹಕ್ಕಿನ ಕಾಯಿದೆಯು ಗುರುಗಳನ್ನು ಅನ್ಯಕಾರ್ಯಗಳಿಗೆ ಹಚ್ಚಬಾರದೆಂದು ವಿಧಿಸಿದರೂ ಜನಗಣತಿ, ಚುನಾವಣೆ, ವಿಪತ್ತು ಪರಿಹಾರಗಳನ್ನು ಹೊರತಾಗಿರಿಸಿದೆ. ಕೇಂದ್ರ ಸರಕಾರದ 1972ರ ರಜೆಯ ನಿಯಮಗಳಲ್ಲಿ ಐದು ವರ್ಷ ಸೇವೆ ಸಲ್ಲಿಸಿದವರಿಗೆ ಸಾಮಾನ್ಯವಾಗಿ ಒಮ್ಮೆಗೆ 12 ತಿಂಗಳು, ಒಟ್ಟು ಸೇವೆಯಲ್ಲಿ 24 ತಿಂಗಳು ವ್ಯಾಸಂಗದ ರಜೆಗೆ ಅವಕಾಶವಿದೆ. ಮರಳಿ ಬಂದು ಸೇವೆ ಸಲ್ಲಿಸುವೆನೆಂಬ ಮುಚ್ಚಳಿಕೆಯನ್ನೂ ಬರೆದುಕೊಡಬೇಕು. ಕೊಡುವವರಿಗೂ ಕೊಳ್ಳುವವರಿಗೂ ನ್ಯಾಯವಾದ ಕಟ್ಟಳೆ ಇದು. 2021ರಲ್ಲಿ ನಮ್ಮ ರಾಜ್ಯ ಸರಕಾರವು ಮಹಿಳಾ ನೌಕರರಿಗೆ 180 ದಿನಗಳ ಶಿಶುಪಾಲನಾ ರಜೆಯನ್ನು ಕೊಟ್ಟಿತು. ತಾಯ್ತನಕ್ಕೆ ಬಿಡುವು ಬೇಕೆಂದು ಒಪ್ಪಿದ ಮನಸ್ಸು ಅರಿವಿಗೂ ಬಿಡುವು ಬೇಕೆಂಬುದನ್ನು ಒಪ್ಪಲು ತಡಮಾಡಬಾರದು.

ಈ ಅವಸರಕ್ಕೆ ಕಾರಣವೂ ಉಂಟು. 2025ರ ಸೆಪ್ಟೆಂಬರ್ 1ರಂದು ಸರ್ವೋಚ್ಚ ನ್ಯಾಯಾಲಯವು, ನಿವೃತ್ತಿಗೆ ಐದು ವರ್ಷಕ್ಕಿಂತ ಹೆಚ್ಚು ಕಾಲವುಳ್ಳ ಉಪಾಧ್ಯಾಯರು ಎರಡು ವರ್ಷಗಳೊಳಗೆ ಅರ್ಹತಾ ಪರೀಕ್ಷೆಯಲ್ಲಿ ತೇರ್ಗಡೆಯಾಗಬೇಕೆಂದು ತೀರ್ಪಿತ್ತಿತು. ಇಪ್ಪತ್ತು ವರ್ಷ ಪಾಠ ಹೇಳಿದವರೂ ಪುನಃ ಪುಸ್ತಕ ಹಿಡಿಯಬೇಕು. ಓದಬೇಕೆಂದು ಆಜ್ಞೆಯಿತ್ತು ಓದಲು ಹೊತ್ತು ಕೊಡದಿರುವದು, ಬಾವಿ ತೋರಿಸಿ ಹಗ್ಗ ಬಚ್ಚಿಟ್ಟಂತೆ. ಸಂಬಳವಿಲ್ಲದ ರಜೆಯೂ ಬಡ ಸಂಸಾರಿಗೆ ಹಗ್ಗವಲ್ಲ.

ಆದರೆ ಇಲ್ಲಿ ಮತ್ತೊಂದು ಧರ್ಮಸಂಕಟವಿರುವದನ್ನು ಮರೆಮಾಚಲಾಗದು. ಇಬ್ಬರೇ ಗುರುಗಳಿರುವ ಶಾಲೆಯಿಂದ ಒಬ್ಬರು ವ್ಯಾಸಂಗಕ್ಕೆ ಹೋದರೆ ಅರ್ಧ ಶಾಲೆಯೇ ಹೋದಂತೆ. ಏಕೋಪಾಧ್ಯಾಯ ಶಾಲೆಯಾದರೆ ಬಾಗಿಲಿಗೆ ಬೀಗವೇ. ಗುರುವಿನ ಅರಿವು ಹೆಚ್ಚುವ ವರ್ಷವು ಮಗುವಿನ ಅಕ್ಷರ ಕಳೆಯುವ ವರ್ಷವಾಗಬಾರದು. ಆದುದರಿಂದ ರಜೆಯ ಹುಕುಮೂ ಬದಲಿ ಗುರುವಿನ ನೇಮಕವೂ ಒಂದೇ ಕಾಗದದಲ್ಲಿ ಬರಬೇಕೆಂಬುದು ನನ್ನ ವಿಜ್ಞಾಪನೆ. ಬದಲಿಯಾಗಿ ಬರುವ ಅತಿಥಿ ಉಪಾಧ್ಯಾಯರಿಗೂ ತಿಂಗಳು ತಿಂಗಳಿಗೆ ತಪ್ಪದೆ ವೇತನ ಸಲ್ಲಬೇಕು. 371ಜೆ ವಿಧಿಯಿಂದ ನಮ್ಮ ಪ್ರಾಂತದ ತರುಣರಿಗೆ ಉದ್ಯೋಗದಲ್ಲಿ ಮೀಸಲು ದೊರೆತಿದೆ. ಆ ಮೀಸಲಿಗೆ ತಕ್ಕ ಯೋಗ್ಯತೆಯನ್ನು ಬೆಳೆಸುವವರೂ ಈ ಶಾಲೆಗಳ ಗುರುಗಳೇ ಅಲ್ಲವೆ?

ಕೊನೆಗೆ ಮೂವರಲ್ಲಿ ಮೂರು ಬೇಡಿಕೆಗಳು. ಶ್ರೀಮಠವು, ವ್ಯಾಸಂಗಕ್ಕೆಂದು ಬರುವ ಗುರುಗಳಿಗೆ ಜಾತಿಮತ ಕೇಳದೆ ವಸತಿ, ಪ್ರಸಾದ, ಗ್ರಂಥಭಂಡಾರಗಳ ಅನುಕೂಲವನ್ನು ಕಲ್ಪಿಸಬೇಕು. ಭಕ್ತರು, ತಮ್ಮೂರ ಶಾಲಾಭಿವೃದ್ಧಿ ಸಮಿತಿಯಲ್ಲಿ ಕುಳಿತಾಗ ಗುರುವಿನ ರಜೆಯನ್ನು ಹಗುರಾಗಿ ನುಡಿಯದೆ ಬದಲಿಯವರು ಬಂದರೇ ಎಂದು ಕೇಳಬೇಕು. ಗುರುಗಳು, ಕಲಿತ ಮೇಲೆ ದೂರದೂರಿಗೆ ವರ್ಗವನ್ನರಸದೆ, ತಮ್ಮನ್ನು ಕಳುಹಿಸಿ ಕಾದುಕೊಂಡಿದ್ದ ಮಕ್ಕಳ ಬಳಿಗೇ ಮರಳಬೇಕು. ಮುಚ್ಚಳಿಕೆಯನ್ನು ಕಚೇರಿಗೆ ಬರೆದುಕೊಡುವದು ಶಾಸ್ತ್ರ. ಮಕ್ಕಳಿಗೆ ಅದನ್ನು ನಡೆಯಿಸಿಕೊಡುವದು ಶರಣಮಾರ್ಗ.