ಇಂಟರ್ವೆಲ್ಲಿನ ತೀರ್ಪು

ಶುಕ್ರವಾರದ ಮೊದಲ ಆಟ ಇನ್ನೂ ಅರ್ಧಕ್ಕೆ ಬಂದಿರುತ್ತದೆ, ಅಷ್ಟೇ. ನಮ್ಮ ಗಡಿ ಸೀಮೆಯ ಯಾಪಲದಿನ್ನಿಯ ಹತ್ತಿ ಹೊಲದ ಬದುವಿನ ಮೇಲೆ ಕೂತ ಹುಡುಗನ ಮೊಬೈಲಿಗೆ ಆಗಲೇ ತೀರ್ಪು ಬಂದಿರುತ್ತದೆ: ‘ಫಸ್ಟ್ ಹಾಫ್ ಬೆಂಕಿ, ನಾಲ್ಕು ಸ್ಟಾರ್!’

ಹೀಗೆ ಹೇಳಿದ ಆನ್‌ಲೈನ್ ವಿಮರ್ಶಕನನ್ನು ಬೈಯುವುದು ಸುಲಭ. ಅವನ ಸಂಪಾದನೆ ನಿಂತಿರುವುದು ವ್ಯೂಸ್ ಮೇಲೆ, ತಡವಾದರೆ ಕೇಳುವವರಿಲ್ಲ. ಕನ್ನಡದಲ್ಲಿ ಚಿತ್ರವಿಮರ್ಶೆ ಹೊಟ್ಟೆ ತುಂಬಿಸಿದ್ದು ಮೊದಲಿನಿಂದಲೂ ಕಡಿಮೆಯೇ. 2010ರ ಸಾಲಿನ ಶ್ರೇಷ್ಠ ಚಿತ್ರವಿಮರ್ಶಕ ರಾಷ್ಟ್ರಪ್ರಶಸ್ತಿ ಪಡೆದ ಎನ್. ಮನು ಚಕ್ರವರ್ತಿ ಕಾಲೇಜಿನಲ್ಲಿ ಇಂಗ್ಲಿಷ್ ಪಾಠ ಹೇಳಿದವರು. ಸಂಬಳ ಬೇರೆ ಕಡೆಯಿಂದ ಬರುತ್ತಿದ್ದರೆ ಸಿನಿಮಾ ಪೂರ್ತಿ ನೋಡಿ, ನಿಧಾನಕ್ಕೆ ಯೋಚಿಸಲು ಪುರುಸೊತ್ತು ಸಿಗುತ್ತದೆ.

ಹಾಗಂತ ಅಂತರ್ಜಾಲವೇ ಕೆಟ್ಟದ್ದಲ್ಲ. ಅಮೆರಿಕದ ರೋಜರ್ ಈಬರ್ಟ್ 1967ರಿಂದ ಪತ್ರಿಕೆಗೆ ಚಿತ್ರವಿಮರ್ಶೆ ಬರೆದವರು. 2006ರಲ್ಲಿ ಶಸ್ತ್ರಚಿಕಿತ್ಸೆಗಳಿಂದ ಮಾತೇ ಹೋಯಿತು. ಆಮೇಲೆ ಅವರಿಗೆ ದನಿಯಾದದ್ದು ಅಂತರ್ಜಾಲವೇ. 2013ರಲ್ಲಿ ತೀರಿಕೊಳ್ಳುವವರೆಗೂ ಬರೆದರು.

ನಮ್ಮ ಗಡಿ ಸೀಮೆಯ ಹುಡುಗರು ಕನ್ನಡ, ತೆಲುಗು ಎರಡೂ ಸಿನಿಮಾ ನೋಡುವವರು. ಹೋಲಿಸಿ ಹೇಳಲು ಅವರಿಗಿಂತ ಯೋಗ್ಯರು ಯಾರಿದ್ದಾರೆ? ಈ ಶುಕ್ರವಾರ ಸ್ಟಾರ್ ಎಣಿಸಬೇಡಿ. ಸಿನಿಮಾ ಪೂರ್ತಿ ನೋಡಿ, ಯಾಕೆ ಹಿಡಿಸಿತು, ಯಾಕೆ ಹಿಡಿಸಲಿಲ್ಲ ಎಂದು ನಾಲ್ಕು ಸಾಲು ನೀವೇ ಬರೆಯಿರಿ.