ಹಳಿ ತಾಳುವ ವೇಗ

ಬಿನಾಲಿ ಯಿಲ್ದಿರಿಮ್ ಓದಿದ್ದು ಹಡಗು ಕಟ್ಟುವ ವಿದ್ಯೆ. ಇಸ್ತಾಂಬುಲ್‌ನ ಕಡಲ ಸಾರಿಗೆ ಸಂಸ್ಥೆಯನ್ನು ನಡೆಸಿದ ಅವರು 2002ರಲ್ಲಿ ತುರ್ಕಿಯ ಸಾರಿಗೆ ಸಚಿವರಾದರು. 2004ರ ಜುಲೈನಲ್ಲಿ, ಹಳೆಯ ಹಳಿಗಳ ಮೇಲೆಯೇ ಓಡಿಸಿದ ವೇಗದ ರೈಲು ಪಾಮುಕೋವಾದ ತಿರುವಿನಲ್ಲಿ ಹಳಿ ತಪ್ಪಿ ಸುಮಾರು 40 ಜನ ಸತ್ತರು. ರಾಜೀನಾಮೆಗೆ ಕೂಗೆದ್ದರೂ ಸಚಿವರು ಕುರ್ಚಿ ಬಿಡಲಿಲ್ಲ. ಬಿಡಬೇಕಿತ್ತು ಎಂದೇ ನನ್ನ ಎಣಿಕೆ. ಹಳಿ ಎಷ್ಟು ವೇಗ ತಾಳೀತು ಎಂದು ಎಂಜಿನಿಯರ್ ಅಲ್ಲದೆ ಇನ್ನಾರು ಕೇಳಬೇಕು?

ಬಾಸ್ಫರಸ್ ಜಲಸಂಧಿಯಡಿಯ ಮರ್ಮರಾಯ್ ಸುರಂಗ ಮುಗಿದದ್ದೂ ಅವರ ಕಾಲದಲ್ಲೇ. ಅದಕ್ಕಾಗಿ ಇಸ್ತಾಂಬುಲ್‌ನ ಯೆನಿಕಾಪಿಯಲ್ಲಿ ಅಗೆದಾಗ ಬೈಜಾಂಟೈನ್ ಕಾಲದ ಬಂದರೇ ಸಿಕ್ಕಿತು. ಮಣ್ಣಲ್ಲಿ ಹೂತ ಹಡಗುಗಳ ಮರದ ಮೈಯನ್ನು ಜೋಪಾನವಾಗಿ ಎತ್ತುವುದರಲ್ಲಿ ಕಾಮಗಾರಿ ವರ್ಷಗಟ್ಟಲೆ ತಡವಾಯಿತು. ಆ ತಡ ಸಾರ್ಥಕ. ಕಾಂಕ್ರೀಟ್ ಕೊಳವೆಗಳನ್ನು ತೇಲಿಸಿ ತಂದು, ಸುಮಾರು 60 ಮೀಟರ್ ಆಳಕ್ಕೆ ಒಂದೊಂದಾಗಿ ಇಳಿಸಿ ಜೋಡಿಸಿದರು. 2013ರ ಅಕ್ಟೋಬರ್ 29ರಂದು ರೈಲು ಓಡಿತು. 2016ರಲ್ಲಿ ಯಿಲ್ದಿರಿಮ್ ಪ್ರಧಾನಿಯಾದರು. ಎರಡು ವರ್ಷಕ್ಕೆ ಆ ಹುದ್ದೆಯೇ ರದ್ದಾಯಿತು.